ದ್ಯಾವಮ್ಮನ ಹುಳದ ಕುಡಿಕೆ

ಕುರುಂಜಿಕೋಟೆ ಅಂತ ಒಂದು ರಾಜ್ಯ, ಅದಕ್ಕೊಬ್ಬ ರಾಜ. ಅವನ ಮಗಳಿಗೆ ಮೀನಿನ ಹುಚ್ಚು. ಅವಳಿಗಾಗಿ ಅರಮನೆಯ ಗಾಜಿನ ತೊಟ್ಟಿಯಲ್ಲಿ ಕೆಂಪು ಬಾಲದ ಮೀನುಗಳನ್ನು ಸಾಕಿದ್ದರು. ನೋಡಿಕೊಳ್ಳುವವಳು ದ್ಯಾವಮ್ಮ. ಗಂಡ ಸತ್ತವಳು, ಅರಮನೆಯ ಅನ್ನ ಬಿಟ್ಟರೆ ಬೇರೆ ದಿಕ್ಕಿಲ್ಲ.

ಮೀನು ಮೊಟ್ಟೆ ಇಟ್ಟಿತು, ಮರಿಯಾದವು. ಏನು ಮರಿ ಅಂತೀರಿ! ಎರಡು ಕಣ್ಣು, ಒಂದು ಬಾಲ, ಅಷ್ಟೇ. ದ್ಯಾವಮ್ಮ ಅಕ್ಕಿಹಿಟ್ಟು ಉದುರಿಸಿದಳು. ಮರಿಗಳು ತಿರುಗಿಯೂ ನೋಡಲಿಲ್ಲ, ಸತ್ತವು. ಎರಡನೇ ಸಲ ಬೇಯಿಸಿದ ಕೋಳಿಮೊಟ್ಟೆಯ ಹಳದಿ ಕದಡಿ ಹಾಕಿದಳು. ನೀರು ನಾರಿತು, ಮರಿಗಳು ಸತ್ತವು. ರಾಜಕುಮಾರಿ ಊಟ ಬಿಟ್ಟು ಅತ್ತಳು. ರಾಜನಿಗೆ ರೇಗಿತು.

"ಮೂರನೇ ಸಲಾನೂ ಸತ್ರೆ ನೀನು ಗಂಟುಮೂಟೆ ಕಟ್ಟು" ಅಂದ.

ದ್ಯಾವಮ್ಮ ಬಾವಿಕಟ್ಟೆಯ ಮೇಲೆ ಕೂತು ಅತ್ತಳು. ಬಾವಿಯ ಕಪ್ಪೆ ತಲೆ ಎತ್ತಿತು.

"ಯಾಕಮ್ಮ ಅಳ್ತೀಯ? ನಿನ್ನ ಗೋಳಿಗೆ ನಂಗೆ ನಿದ್ದೆ ಇಲ್ಲ."

ಅವಳು ಎಲ್ಲ ಹೇಳಿದಳು. ಕಪ್ಪೆ ನಕ್ಕಿತು.

"ಅಯ್ಯೋ ಪೆದ್ದಿ, ಅಲ್ಲಾಡದೇ ಇರೋದನ್ನ ಮರಿಮೀನು ತಿನ್ನುತ್ತಾ? ಅಡುಗೆಮನೆ ಹಿಂದೆ ಹುಳಿ ಬಂದ ಹಿಟ್ಟಿನ ಮಡಕೆ ಬಿದ್ದಿದೆ ನೋಡು. ಅದರಲ್ಲಿ ಕೂದಲೆಳೆಗಿಂತ ಸಣ್ಣ ಬಿಳಿ ಹುಳ ಇದಾವೆ. ತಂದು ಸಾಕು. ಜೀವಂತವಾಗೇ ಹಾಕು."

ದ್ಯಾವಮ್ಮ ಒಂದು ಕುಡಿಕೆಯಲ್ಲಿ ತಣ್ಣನೆ ರಾಗಿ ಅಂಬಲಿ ಹಾಕಿ, ಹುಳ ಬಿಟ್ಟು, ತೆಳು ಬಟ್ಟೆ ಮುಚ್ಚಿದಳು. ಮೀನು ಮತ್ತೆ ಮೊಟ್ಟೆ ಇಟ್ಟು ಮರಿಯಾಗುವ ಹೊತ್ತಿಗೆ ಹುಳಗಳು ಹೆಚ್ಚಿ ಕುಡಿಕೆಯ ಗೋಡೆ ಹತ್ತಿದ್ದವು. ಅವನ್ನು ಕೋಳಿಪುಕ್ಕದಲ್ಲಿ ಒರೆಸಿ ತೊಟ್ಟಿಗೆ ಅದ್ದಿದಳು. ಹುಳಗಳು ನೀರಲ್ಲಿ ನುಲಿದಾಡಿದವು. ಮರಿಗಳು ಮುಗಿಬಿದ್ದು ತಿಂದವು, ಹೊಟ್ಟೆ ಬೆಳ್ಳಗೆ ಉಬ್ಬಿತು. ರಾಜಕುಮಾರಿ ಕುಣಿದಾಡಿದಳು. ಹುಳ ಸಾಕಿದವರಿಗೆ ಸನ್ಮಾನ ಮಾಡುತ್ತೇನೆ ಅಂದ ರಾಜ.

ಉಗ್ರಾಣದ ಮೇಲ್ವಿಚಾರಕ ಚೆನ್ನಿಗಯ್ಯನಿಗೆ ಹೊಟ್ಟೆಕಿಚ್ಚು. ಕುಡಿಕೆ ಕದ್ದು, ನೆಟ್ಟಗೆ ದರ್ಬಾರಿಗೆ ತಂದ.

"ಮಾಸ್ವಾಮಿ, ಹುಳ ಸಾಕಿದ್ದು ನಾನು. ಈ ಹೆಂಗಸು ನನ್ನ ಕುಡಿಕೆಯಿಂದ ಕದ್ದು ಹಾಕ್ತಿದ್ಲು."

ರಾಜ ದ್ಯಾವಮ್ಮನನ್ನು ಕರೆಸಿದ. ಕುಡಿಕೆ ಚೆನ್ನಿಗಯ್ಯನ ಕೈಯಲ್ಲಿತ್ತು. ಅವಳ ಪರ ಸಾಕ್ಷಿ ಹೇಳಲು ಕಪ್ಪೆ ದರ್ಬಾರಿಗೆ ಬರುತ್ತದೆಯೇ? ಅವಳು ಕೂಗಾಡಲಿಲ್ಲ.

"ನ್ಯಾಯ ಆಮೇಲಿರ್ಲಿ ಮಾಸ್ವಾಮಿ, ಮರಿಗಳು ಹಸಿದಿದಾವೆ" ಅಂತ ಕುಡಿಕೆಯ ಗೋಡೆಯಿಂದ ಒಂದು ಪುಕ್ಕದಷ್ಟು ಹುಳ ತೆಗೆದುಕೊಂಡಳು. "ಹುಳಕ್ಕೂ ಹಸಿವು. ಅವು ತಿನ್ನೋದು ಅಂಬಲಿ. ಸಾಕಿದೋರೇ ನಿಮ್ಮೆದುರಿಗೆ ಉಣ್ಣಿಸ್ಲಿ."

"ಅದೇನು ಮಹಾ!" ಅಂದ ಚೆನ್ನಿಗಯ್ಯ. ಜೀವಮಾನವೆಲ್ಲ ಅರಮನೆಯ ಪಂಕ್ತಿಯಲ್ಲಿ ಬಡಿಸಿದವನು. ಅರಮನೆಯಲ್ಲಿ ತಂಗಳು ಬಡಿಸುವುದುಂಟೇ? ಒಲೆ ಮೇಲಿಂದ ಕುದಿಯುವ ಅಂಬಲಿ ತರಿಸಿ ಕುಡಿಕೆಗೆ ಸುರಿದ. ಮೇಲೊಂದು ಸೌಟು ತುಪ್ಪ ಬೇರೆ!

"ದಿನಾ ಹೀಗೇ ಉಣ್ಣಿಸ್ತಿದ್ಯಾ?" ಕೇಳಿದ ರಾಜ.

"ದಿನಾ ಮಾಸ್ವಾಮಿ, ಬಿಸಿಬಿಸಿಯಾಗಿ."

ರಾಜ ಬಗ್ಗಿ ನೋಡಿದ. ಒಂದು ಹುಳವೂ ಮಿಸುಕಲಿಲ್ಲ. ಚೆನ್ನಿಗಯ್ಯನೂ ಬಗ್ಗಿ ನೋಡಿದ. ಅವನ ಮುಖ ಇಂಗು ತಿಂದ ಮಂಗನಂತಾಯಿತು.

"ನಾಳೆ ನನ್ನ ಮರಿಗಳಿಗೆ ಏನು ಗತಿ?" ಅಂತ ರಾಜಕುಮಾರಿ ಅಳತೊಡಗಿದಳು.

ದ್ಯಾವಮ್ಮ ಪುಕ್ಕ ತೋರಿಸಿದಳು. "ಇವು ಬದುಕಿದಾವೆ ನನ್ನವ್ವ. ಅರ್ಧ ಮರಿಗೆ, ಅರ್ಧ ಬೀಜಕ್ಕೆ. ತಣ್ಣಗಿನ ಅಂಬಲಿ ಕೊಡಿಸಿ, ಮತ್ತೆ ಆಗ್ತವೆ."

ಆದವು. ಮರಿಗಳೂ ಬೆಳೆದವು. ಸನ್ಮಾನ ದ್ಯಾವಮ್ಮನಿಗಾಯಿತು. ಚೆನ್ನಿಗಯ್ಯನಿಗೆ ಸಿಕ್ಕಿದ್ದು ಒಂದು ಬೀಸಣಿಗೆ. ದಿನಾ ಬೆಳಗ್ಗೆ ಹುಳದ ಅಂಬಲಿಗೆ ಗಾಳಿ ಬೀಸಿ, ಬೆರಳದ್ದಿ ನೋಡಿ, ತಣ್ಣಗಾದ ಮೇಲೆ ದ್ಯಾವಮ್ಮನ ಕೈಗೆ ಕೊಡಬೇಕು.

ಕೇಳಿದಿರಾ ಮಕ್ಕಳೇ? ಇನ್ನೊಬ್ಬರ ಕುಡಿಕೆ ಕದಿಯಬಹುದು. ಅದರಲ್ಲಿ ಹುಳ ಸಾಕಿದ ಕೈಯನ್ನು ಕದಿಯಲಾಗದು.