ಮೊದಲತುತ್ತಿನಮ್ಮನ ಬಿರುದು

"ನನಗಿಂತ ಮೊದಲು ಈ ಅರಮನೆಯಲ್ಲಿ ಯಾರೂ ಬಾಯಿಗೆ ಒಂದಗುಳು ಹಾಕುವಂತಿಲ್ಲ! ನನ್ನ ಬಿರುದೇ ಮೊದಲತುತ್ತಿನಮ್ಮ, ಗೊತ್ತೋ ಇಲ್ಲವೋ?"

ಬಿಳಿಗಲ್ಲೂರಿನ ಅರಮನೆಯಲ್ಲಿ ಗಂಗಾಜಮ್ಮಣ್ಣಿಯ ಈ ಮಾತು ಕೇಳದವರಿರಲಿಲ್ಲ. ಆಕೆ ದೊರೆ ಕೆಂಚಣ್ಣ ನಾಯಕನ ಅತ್ತಿಗೆ. ಅರಮನೆಯ ಹಿರಿಸೊಸೆಗೆ ಆ ಬಿರುದು ತಲೆತಲಾಂತರದಿಂದ ನಡೆದುಬಂದಿತ್ತು. ಅದು ಯಾಕೆ ಬಂತೆಂದು ಕೇಳುವ ಗೊಡವೆಗೆ ಯಾರೂ ಹೋಗಿರಲಿಲ್ಲ. ಅಮ್ಮಣ್ಣಿ ಸಿಂಗಾರ ಮುಗಿಸಿ ಬರುವಷ್ಟರಲ್ಲಿ ಸಾರು ತಣ್ಣಗಾಗುತ್ತಿತ್ತು. ದೊರೆಯೂ ತೆಪ್ಪಗೆ ಕಾಯುತ್ತಿದ್ದ, ಪಾಪ.

ಒಂದು ದಿನ ಅಡಿಗೆಯ ಹೊನ್ನವ್ವ ಉಪ್ಪು ನೋಡಲೆಂದು ಅಂಗೈಗೆ ಒಂದು ತೊಟ್ಟು ಸಾರು ಹಾಕಿಕೊಂಡು ನೆಕ್ಕಿದಳು. ಅದು ಅಮ್ಮಣ್ಣಿಯ ಕಣ್ಣಿಗೆ ಬಿತ್ತು.

"ನನ್ನ ತುತ್ತು ಕದ್ದಳು! ನಾಳೆ ಇವಳು ಕೋಟೆಯ ಬಾಗಿಲು ದಾಟಿರಬೇಕು!"

ಮೂವತ್ತು ವರ್ಷ ಅದೇ ಒಲೆಯ ಮುಂದೆ ಬೆಂದವಳು ಹೊನ್ನವ್ವ. ಬೇರೆ ಮನೆಮಠವಿಲ್ಲ. ಗೊಳೋ ಎಂದು ಅತ್ತಳು. ಅತ್ತಿಗೆಗೆ ಎದುರಾಡಲಾರದ ದೊರೆ, ಆಸ್ಥಾನದ ಚತುರ ಗಿರಿಯಣ್ಣನ ಮುಖ ನೋಡಿದ.

"ಬುದ್ಧಿ, ಅಮ್ಮಣ್ಣಿಯವರು ಹೇಳಿದ್ದೇ ಸರಿ. ಬಿರುದನ್ನು ಅರೆಬರೆ ನಡೆಸಬಾರದು. ನಾಳೆ ಊಟದ ಮನೆಯಲ್ಲೇ ಇತ್ಯರ್ಥ ಮಾಡೋಣ" ಎಂದ ಗಿರಿಯಣ್ಣ. ಅಮ್ಮಣ್ಣಿ ಹಿಗ್ಗಿದಳು.

ಮರುದಿನ ಎಲ್ಲರೂ ಎಲೆಯ ಮುಂದೆ ಕೂತರು. ಗಿರಿಯಣ್ಣ ಅಮ್ಮಣ್ಣಿಯ ಮುಂದೆ ಬೆಳ್ಳಿ ತಟ್ಟೆಯಿಟ್ಟ. ಘಮಘಮಿಸುವ ಕಜ್ಜಾಯ.

"ಹಾಲುಗೊಪ್ಪದ ಪಾಳೆಯಗಾರರು ಕಳಿಸಿದ್ದಂತೆ, ತಾಯಿ. ಮೊದಲ ತುತ್ತು ತಮ್ಮದು."

"ಹೋದ ವರ್ಷ ನಮ್ಮ ಕೋಟೆಗೆ ಮುತ್ತಿಗೆ ಹಾಕಿದವನೇ?" ಚಾಚಿದ ಕೈ ಹಿಂದಕ್ಕೆ ಸರಿಯಿತು.

"ಅವರೇ. ಈ ಬಿರುದು ಹುಟ್ಟಿದ್ದೂ ಹೀಗೇ ಅಂತ ಹಳೆಯ ಕಡತದಲ್ಲಿದೆ. ವೈರಿಗಳ ಕಡೆಯಿಂದ ತಿಂಡಿ ಬಂದರೆ, ಮಕ್ಕಳುಮರಿ ಬಾಯಿಗಿಡುವ ಮೊದಲು ಹಿರಿಸೊಸೆ ತಾವು ತಿಂದು ನೋಡುತ್ತಿದ್ದರಂತೆ. ಒಂದು ಗಳಿಗೆ ಕಳೆದ ಮೇಲೂ ಅವರು ನೆಟ್ಟಗೆ ಕೂತಿದ್ದರೆ ಮಿಕ್ಕವರು ತಿನ್ನುತ್ತಿದ್ದರು. ಎಂಥ ಎದೆಗಾರಿಕೆ! ತಗೊಳ್ಳಿ ತಾಯಿ, ನಮಗೆಲ್ಲ ಹಸಿವಾಗಿದೆ."

ಅಮ್ಮಣ್ಣಿ ತಟ್ಟೆಯನ್ನು ದೂರ ಸರಿಸಿದಳು.

"ನನಗೆ... ನನಗೆ ಸಿಹಿ ಆಗಿಬರುವುದಿಲ್ಲ. ಮೊದಲು ಆ ಹೊನ್ನವ್ವ ತಿನ್ನಲಿ!"

ಹೊನ್ನವ್ವ ಬಂದು ತಟ್ಟೆ ನೋಡಿದಳು. ಬೆಳಗ್ಗೆ ಗಿರಿಯಣ್ಣ ಕೇಳಿದನೆಂದು ತಾನೇ ಕರಿದುಕೊಟ್ಟ ಕಜ್ಜಾಯ! ಒಂದನ್ನು ತಿಂದಳು. ರುಚಿಯಾಗಿತ್ತು, ಇನ್ನೊಂದನ್ನೂ ತಿಂದಳು.

ಗಿರಿಯಣ್ಣ ದೊರೆಗೆ ಕೈಮುಗಿದ. "ಬುದ್ಧಿ, ಅಮ್ಮಣ್ಣಿಯವರೇ ಬಾಯಾರೆ ಬಿರುದನ್ನು ಹೊನ್ನವ್ವನಿಗೆ ದಾಟಿಸಿದರು. ಮೊದಲತುತ್ತಿನಮ್ಮನನ್ನೇ ಹೊರಗೆ ಹಾಕಿದರೆ ಊಟ ಶುರುಮಾಡುವವರು ಯಾರು?"

ದೊರೆ ಬಿದ್ದುಬಿದ್ದು ನಗುತ್ತ ಕೈಯ ಕಡಗ ಬಿಚ್ಚಿ ಅವನಿಗೆ ತೊಡಿಸಿದ.

"ಸರಿ, ನಮ್ಮ ಅತ್ತಿಗೆಯವರಿಗೆ?"

"ಅವರಿಗೆ ಎರಡನೆಯ ತುತ್ತು, ಬುದ್ಧಿ. ಅದರಲ್ಲಿ ಅಪಾಯವಿಲ್ಲ."