ಮೂರು ಮೂಲೆ ತಗಡಿನ ಪೂಜೆ

"ಅಯ್ಯಾ, ನಾವು ಶಿಷ್ಯರೆಲ್ಲ ಸೇರ್ಕೊಂಡು ನಿಮಗೆ ಪಾದಪೂಜೆ ಮಾಡ್ತೀವಿ ಅಂದ್ರೆ ಯಾಕ್ ಬ್ಯಾಡ ಅಂತೀರಿ?"

ಹಿಂಗಂತ ಬೆಟ್ಟಸ್ವಾಮಿ ಕೇಳ್ದ. ನನ್ ತಾವ ಎತ್ತಿನ ಗಾಡಿ ಕಟ್ಟೋ ಕೆಲ್ಸ ಕಲಿಯೋಕೆ ಬಂದು ಮೂರು ವರ್ಷ ಆಯ್ತು. ಎರಡು ಮಕ್ಕಳ ತಂದೆ. ಒಳ್ಳೆಯವನು.

ನಾನು ಹೇಳ್ದೆ: ನನಗೆ ಯೋಗ್ಯತೆ ಇಲ್ಲ ಅಂತ ಬ್ಯಾಡ ಅಂದಿದ್ದಲ್ಲ ಕಣ್ಲಾ. ಸುತ್ತ ನಾಕು ಹೋಬ್ಳೀಲಿ ನನ್ನಂಗೆ ಗಾಡಿ ಕಟ್ಟೋ ಗಂಡಸು ಇನ್ನೂ ಹುಟ್ಟಿಲ್ಲ. ಮೂರನೇ ಕ್ಲಾಸು ಓದ್ದೋನು ನಾನು, ಇಂಜಿನಿಯರು ಬಂದು ನನ್ನ ಚಕ್ರದ ಅಳತೆ ತಗೊಂಡು ಹೋಗವ್ನೆ. ಪಾದಪೂಜೆ ಏನು, ಪಲ್ಲಕ್ಕೀಲಿ ಹೊತ್ರೂ ಸಲ್ತದೆ ನಂಗೆ. ಬ್ಯಾಡ ಅಂದಿದ್ದು ಬೇರೆ ಕಾರಣಕ್ಕೆ. ಕೂತ್ಕೊ.

ಒಬ್ಬ ರೈತ ಇದ್ದ. ಅವನ ತಾವ ಒಂದು ಜೊತೆ ಎತ್ತು. ಕರು ಇದ್ದಾಗ್ಲಿಂದ ತಾನೇ ಸಾಕಿದ್ದು. ಮಕ್ಕಳಿರಲಿಲ್ಲ ಅವನಿಗೆ, ಆ ಎತ್ತುಗಳೇ ಎಲ್ಲ. ಅವುಗಳಿಗೆ ಮೇವು ಹಾಕ್ದೆ ತಾನು ಉಣ್ಣುತಿರ್ಲಿಲ್ಲ. ಗಾಡಿ ನಾನು ಕಟ್ಟಿಕೊಟ್ಟಿದ್ದು. ಕಬ್ಬು ಹೇರ್ಕೊಂಡು ದೊಡ್ಡ ರಸ್ತೇಲಿ ಕಾರ್ಖಾನೆಗೆ ಹೊಡೀತಿದ್ದ.

ಒಂದು ದಿನ ಸಾರಿಗೆಯೋರು ರಸ್ತೇಲಿ ಗಾಡಿಗಳನ್ನ ನಿಲ್ಸಿ, ಹಿಂದುಗಡೆ ಒಂದೊಂದು ಮೂರು ಮೂಲೆ ತಗಡು ಹೊಡೆದ್ರು. ಕೆಂಪು ತಗಡು. ದೂರದಿಂದ ಲೈಟು ಬಿದ್ರೆ ಕೆಂಡದಂಗೆ ಹೊಳೀತದೆ. ಮುಂದೆ ನಿಧಾನದ ಗಾಡಿ ಹೋಗ್ತಾ ಅದೆ ಅಂತ ಹಿಂದೆ ಬರೋನಿಗೆ ಗೊತ್ತಾಗ್ಲಿ ಅಂತ. ತಗಡು ಹೊಡೆದ ಸಾಹೇಬ ರೈತನಿಗೆ ಹೇಳ್ದ: "ಗೌಡ್ರೆ, ಇನ್ಮೇಲೆ ನಿಮ್ಮನ್ನ, ನಿಮ್ಮ ಎತ್ತನ್ನ ಕಾಯೋದು ಇದೇ."

ಕಾಯೋದು ಅಂದ್ನಲ್ಲ, ಆ ಮಾತು ರೈತನ ಮನಸ್ಸಲ್ಲಿ ಕೂತುಬಿಡ್ತು. ಕಾಯೋದು ಯಾರು? ದೇವರು. ದೇವರನ್ನ ಹಂಗೇ ಬಿಡೋಕಾದದಾ?

ಮೊದಲನೇ ಶುಕ್ರವಾರ ಒಂದು ಬೊಟ್ಟು ಕುಂಕುಮ ಇಟ್ಟ. ಎರಡನೇ ಶುಕ್ರವಾರ ಮೂರೂ ಮೂಲೆಗೆ ಇಟ್ಟ. ಆಮೇಲೆ ಅರಿಸಿನ ಬಳ್ದ. ಅದರ ಮೇಲೆ ವಿಭೂತಿ ಪಟ್ಟೆ ಎಳ್ದ. ಉದುರಬಾರ್ದು ಅಂತ ಎಳ್ಳೆಣ್ಣೇಲಿ ಕಲಸಿ ಮೆತ್ತಿದ. ಚೆಂಡು ಹೂವಿನ ಸರ ಬೇರೆ. ಒಂದು ತಿಂಗಳಿಗೆ ತಗಡಿನ ಮೇಲೆ ರೊಟ್ಟಿ ದಪ್ಪ ಆಯ್ತು. ಬೇರೆ ಗಾಡಿಯೋರು ನಿಂತು ಕೈ ಮುಗ್ದು ಮುಂದೆ ಹೋಗೋರು. ಅದನ್ನ ನೋಡಿ ಇವನ ಎದೆ ಇನ್ನೂ ಒಂದು ಗೇಣು ಉಬ್ತು.

ಹೆಂಡ್ತಿ ಒಂದ್ಸಲ ಅಂದ್ಲು: "ಏನೂಂದ್ರೆ, ಮೊದ್ಲು ಬಸ್ಸಿನ ಲೈಟು ಬಿದ್ರೆ ಹೊಳೀತಿತ್ತು. ಈಗ ಹೊಳೆಯಾಕಿಲ್ಲ."

"ದೇವ್ರು ತೃಪ್ತಿಯಾಗಿ ಕಣ್ಣು ಮುಚ್ಕೊಂಡದೆ. ನಿಂಗೇನು ತಿಳೀತದೆ, ಹೋಗಮ್ಮಿ," ಅಂದ.

ಆಮೇಲೆ ಪುಷ್ಯ ಮಾಸ ಬಂತು. ಒಂದು ಬೆಳಗ್ಗೆ ಕಣ್ಣೆದುರಿನ ಕೈ ಕಾಣದಂಥ ಮಂಜು. ರೈತ ಕಬ್ಬು ಹೇರ್ಕೊಂಡು ಹೊರಟ. ಹಿಂದಿನಿಂದ ಒಬ್ಬ ವ್ಯಾಪಾರಿ ತೆಂಗಿನಕಾಯಿ ತುಂಬಿದ ವ್ಯಾನಲ್ಲಿ ಬಂದು ಗುದ್ದಿಬಿಟ್ಟ. ಗಾಡಿ ಮಗುಚ್ತು. ರೈತ ಮೋರೀಗೆ ಬಿದ್ದ, ಅವನಿಗೆ ತರಚ್ದಷ್ಟೇ. ಬಲಗಡೆ ಎತ್ತು ನೊಗದ ಕೆಳಗೆ ಸಿಕ್ಕಿ ಹಿಂಗಾಲು ಮುರೀತು. ಹಲಗೆ ಎಲ್ಲ ಚೂರು ಚೂರು. ಅಚ್ಚು ಮಾತ್ರ ಒಂದು ಕೂದಲಷ್ಟೂ ಬಗ್ಗಿರ್ಲಿಲ್ಲ. ನಾನು ಹಾಕಿದ ಅಚ್ಚು ಅದು, ಇರ್ಲಿ.

ರೈತ ಎದ್ದು ಬಂದು ವ್ಯಾಪಾರಿ ಕೊರಳಪಟ್ಟಿ ಹಿಡ್ದ. "ಕಣ್ಣು ಎಲ್ಲಿ ಇಟ್ಟಿದ್ಯೋ ಬಡ್ಡೀಮಗನೆ? ಅಷ್ಟು ದೊಡ್ಡ ದೇವ್ರನ್ನ ಹಿಂದೆ ಕಟ್ಟಿವ್ನಿ, ಕಾಣ್ನಿಲ್ವಾ?"

"ಕಾಣ್ತು ಕಣಣ್ಣ," ಅಂದ ವ್ಯಾಪಾರಿ. "ಗುದ್ದಿದ್ ಮೇಲೆ ಕಾಣ್ತು."

ರೈತನ ಕೈ ಸಡಿಲ ಆಯ್ತು. ವ್ಯಾಪಾರಿ ತನ್ನ ಟವಲನ್ನ ಮೋರಿ ನೀರಲ್ಲಿ ಅದ್ಕೊಂಡು ಬಂದು ಆ ತಗಡನ್ನ ಉಜ್ಜಿದ. ಒಂದ್ಸಲಕ್ಕೆ ಹೋಗ್ಲಿಲ್ಲ, ಮೂರು ಸಲ ಉಜ್ಜಿದ. ವ್ಯಾನಿನ ಲೈಟು ಇನ್ನೂ ಉರೀತಾನೇ ಇತ್ತು. ತಗಡು ಧಗ್ ಅಂತ ಹೊಳೀತು. ಆ ಮಂಜಲ್ಲೂ ಅಷ್ಟು ದೂರದಲ್ಲಿ ಬರ್ತಿದ್ದ ಒಂದು ಲಾರಿ ಅದನ್ನ ಕಂಡು ನಿಧಾನ ಮಾಡಿ ಪಕ್ಕಕ್ಕೆ ಹೋಯ್ತು.

ರೈತ ಎತ್ತಿನ ತಲೇನ ತೊಡೆ ಮೇಲೆ ಇಟ್ಕೊಂಡು ರಸ್ತೇಲಿ ಕೂತ. ಆ ಎತ್ತು ಆಮೇಲೆ ನೊಗ ಹೊರಲಿಲ್ಲ. ಒಂಟಿ ಎತ್ತು ಗಾಡಿ ಎಳೆಯಾಕಿಲ್ಲ.

ಇಷ್ಟು ಹೇಳಿ ನಾನು ಎಲೆ ಅಡಿಕೆ ಬಾಯಿಗೆ ಹಾಕ್ಕೊಂಡೆ. ಬೆಟ್ಟಸ್ವಾಮಿ ಕಣ್ಣು ಒರೆಸ್ಕೊಂಡ. ಆಮೇಲೆ ಕೇಳ್ದ: "ಹಂಗಾರೆ ಆ ರೈತನ ಭಕ್ತಿ ಸುಳ್ಳಾ, ಅಯ್ಯಾ?"

ನಾನು ಹೇಳ್ದೆ: "ಅದಿರ್ಲಿ, ಅಚ್ಚಿಂದ ಚಕ್ರ ಕಳಚದಂಗೆ ಕಡಾಣಿ ಹೊಡೆಯೋದು ಹೆಂಗೆ ಅಂತ ನಿನ್ನೆ ಹೇಳ್ಕೊಟ್ನಲ್ಲ, ಅದನ್ನ ಒಂದು ಕಿತ ಹೇಳು ನೋಡನ."

"ನಿನ್ನೆ ಕೈ ಮುಗ್ಕೊಂಡು ನಿಮ್ಮ ಮುಖಾನೇ ನೋಡ್ತಾ ಕೂತಿದ್ದೆ ಅಯ್ಯಾ, ಕಡಾಣಿ ನೋಡ್ಲಿಲ್ಲ," ಅಂದ ಬೆಟ್ಟಸ್ವಾಮಿ.