ಮಗುಚದೆ ಮುಚ್ಚಿದ ಅಂಡೆ

ಮಕ್ಕಳೇ, ಭಗವಂತ ಒಂದು ಕಾಡಿನ ನಡುವೆ ಕೊಳ ಇಟ್ಟಿದ್ದ. ಕೊಳಕ್ಕೆ ವರ್ಷಕ್ಕೊಬ್ಬ ಕಾವಲುಗಾರ. ಅವನನ್ನು ಆರಿಸುತ್ತಿದ್ದುದು ಒಂದು ತೂಗುಗೋಲು. ಅದರ ತುದಿಗಳಲ್ಲಿ ಅಂಡೆಗಳು, ಅಂದರೆ ಬಿದಿರಿನ ಪಾತ್ರೆಗಳು, ಅಭ್ಯರ್ಥಿಗೊಂದು. ಪ್ರಾಣಿಗಳು ತಮಗೆ ಬೇಕಾದವರ ಅಂಡೆಗೆ ಒಂದೊಂದು ಅಂಟುವಾಳದ ಕಾಯಿ ಹಾಕುತ್ತಿದ್ದವು. ಸಂಜೆ ಕೋಲಿಗೆ ಬಿಗಿದ ಬಳ್ಳಿ ಬಿಚ್ಚಿದರೆ ಭಾರದ ಅಂಡೆ ತಾನೇ ಕೆಳಗಿಳಿಯುತ್ತಿತ್ತು. ಯಾರೂ ಎಣಿಸಬೇಕಿರಲಿಲ್ಲ.

ಹಿರಿಯರು ಕಾನೂನು ಮಾಡಿದ್ದರು: ಮೊದಲು ಅಂಡೆಗಳನ್ನು ಎಲ್ಲರೆದುರು ಮಗುಚಿ ತೋರಿಸಬೇಕು. ಆಮೇಲಷ್ಟೇ ಜೇನುಮೇಣದಿಂದ ಬಾಯಿ ಮುಚ್ಚಿ, ಕಾಯಿ ಹೋಗುವಷ್ಟು ಕಂಡಿ ಬಿಡಬೇಕು.

ಆ ವರ್ಷ ಆಮೆಗೆ ಎದುರಾಗಿ ಉಡ ನಿಂತಿತು. ಉಡಕ್ಕೆ ಮೊಟ್ಟೆ ಎಂದರೆ ಪ್ರಾಣ. ಕಾವಲುಗಾರನಾದರೆ ಜೊಂಡಿನೊಳಗೆ ಎಲ್ಲಿ ಬೇಕಾದರೂ ನುಗ್ಗಬಹುದು. ಅಲ್ಲೇ ನೀರುಕೋಳಿ ಮೊಟ್ಟೆಯಿಟ್ಟಿತ್ತು.

ಬೆಳಿಗ್ಗೆ ದಟ್ಟ ಮಂಜು. ಚುನಾವಣೆ ನಡೆಸುವ ಗೂಬೆಯಜ್ಜ ಆಕಳಿಸುತ್ತ ಅಂಡೆಗಳಿಗೆ ಮೇಣ ಮೆತ್ತತೊಡಗಿದ.

“ಅಜ್ಜಾ, ಮಗುಚಿ ತೋರಿಸಲೇ ಇಲ್ಲವಲ್ಲ?” ಎಂದಿತು ನೀರುಕೋಳಿ.

“ಏನಿರುತ್ತಮ್ಮಾ ಅದರಲ್ಲಿ? ತೂಗುಗೋಲು ದೇವರಿದ್ದ ಹಾಗೆ.”

“ಇವಳಿಗೆ ದೇವರ ಮೇಲೂ ಅನುಮಾನ ನೋಡ್ರೋ!” ಎಂದು ಕಪ್ಪೆ ನಕ್ಕಿತು. ಎಲ್ಲರೂ ನಕ್ಕರು. ಉಡ ಮಾತ್ರ ಕಣ್ಣು ಮುಚ್ಚಿ ಕೈಮುಗಿಯಿತು.

ಗಾಳಿ ಇರಲಿಲ್ಲ. ಆದರೂ ಕೋಲಿನ ಬಳ್ಳಿ ಕಿರ್ರೆಂದು ನರಳಿತು.

ಸಂಜೆ ಬಳ್ಳಿ ಬಿಚ್ಚಿದರು. ಉಡದ ಅಂಡೆ ಸರ್ರನೆ ಇಳಿದು ನೆಲ ಮುಟ್ಟಿತು.

“ನಾನು ಆಮೆಗೆ ಹಾಕಿದ್ದು,” ಮೊಲ ಪಿಸುಗುಟ್ಟಿತು.

“ನಾನೂ,” ಎಂದಿತು ಜಿಂಕೆ.

“ನಾನೂ ಕಣೋ,” ಎಂದಿತು ಕಪ್ಪೆ. “ಹಾಗಾದರೆ... ಇಷ್ಟೊಂದು ಹಾಕಿದ್ದು ಯಾರು?”

ಇನ್ನೂ ಕರಗದ ಮಂಜಿನಲ್ಲಿ ಒಬ್ಬರ ಮುಖ ಒಬ್ಬರು ನೋಡಿ ಹಿಂದೆ ಸರಿದರು. ಕಾಣದವರು ಯಾರೋ ತಮ್ಮ ನಡುವೆ ಸಾಲಿನಲ್ಲಿ ನಿಂತು ಹೋದಂತೆ ಎಲ್ಲರಿಗೂ ಮೈ ಜುಮ್ಮೆಂದಿತು.

“ಅಂಡೆ ತೆಗೆದು ನೋಡಿ!” ನೀರುಕೋಳಿ ಅರಚಿತು.

“ದೇವರ ತೀರ್ಪಮ್ಮಾ, ಸುಮ್ಮನಿರು,” ಎಂದ ಗೂಬೆಯಜ್ಜ.

ಅಷ್ಟರಲ್ಲಿ ಉಡ ಅಲ್ಲಿರಲಿಲ್ಲ. ಜೊಂಡು ಅಲುಗಿತು. ಪಟಕ್, ಪಟಕ್ ಎಂದು ಚಿಪ್ಪು ಒಡೆಯುವ ಸದ್ದು.

ನೀರುಕೋಳಿ ಗೂಡಿನತ್ತ ಹಾರಿತು. ಗೂಬೆಯಜ್ಜ ಕೊಕ್ಕಿನಿಂದ ಮೇಣ ಕಿತ್ತು ಅಂಡೆ ಮಗುಚಿದ. ಉಡ ಹಾಕಿದ ಒಂದೇ ಒಂದು ಕಾಯಿ ಉರುಳಿತು. ಅದರ ಹಿಂದೆಯೇ ಧೊಪ್ಪನೆ ಬಿತ್ತು, ದಪ್ಪನೆಯ ಕರಿಗಲ್ಲು.

ಎಲ್ಲರೂ ಸೇರಿ ಉಡವನ್ನು ಕಾಡಿನಾಚೆಗೆ ಅಟ್ಟಿದರು. ಆಮೆ ಕಾವಲಿಗೆ ಬಂತು. ಆದರೆ ನೀರುಕೋಳಿ ಬರಿಗೂಡಿನ ಮೇಲೆ ರೆಕ್ಕೆ ಹರಡಿ ಕಾವು ಕೊಡುತ್ತಲೇ ಇತ್ತು. ಆ ತಾಯಿಗೆ ದೇವರು ನೆಮ್ಮದಿ ಕೊಡಲಿ.

ನೀತಿ: ದೇವರನ್ನು ಕಣ್ಣು ಮುಚ್ಚಿ ನಂಬಿ, ಮತ ಎಣಿಸುವ ಯಂತ್ರವನ್ನು, ಕಾನೂನು ಹೇಳಿದಂತೆ, ಕಣ್ಣು ತೆರೆದು ನೋಡಿಯೇ ನಂಬಿ.